ಕಿಂಗ್ ಕಾಂಗ್‌ನಿಂದ ಫ್ರಾಂಕನ್‌ವೀನಿವರೆಗೆ: ಗೊಂಬೆ ದೈತ್ಯರ ಚಿತ್ರಪರಂಪರೆ

ಗೊಂಬೆಯನ್ನು ಕೂದಲೆಳೆಯಷ್ಟು ಕದಲಿಸಿ ಒಂದು ಫ್ರೇಮ್ ತೆಗೆಯುವುದು, ಮತ್ತಷ್ಟು ಕದಲಿಸಿ ಇನ್ನೊಂದು; ಹೀಗೆ ಕೂಡಿಸಿದ ಚಿತ್ರಗಳು ಸೆಕೆಂಡಿಗೆ 24ರಂತೆ ಓಡಿದಾಗ ಗೊಂಬೆ ನಡೆದಾಡುತ್ತದೆ. ಸ್ಟಾಪ್ ಮೋಷನ್ ಎಂಬ ಈ ತಂತ್ರ ಹಾಲಿವುಡ್‌ನಲ್ಲಿ ಹೆಸರು ಮಾಡಿದ್ದು ಹೆಚ್ಚಾಗಿ ದೈತ್ಯಪ್ರಾಣಿಗಳಿಂದಲೇ. ‘ದಿ ಲಾಸ್ಟ್ ವರ್ಲ್ಡ್’ನಲ್ಲಿ (1925) ಡೈನೋಸಾರ್‌ಗಳನ್ನು ಓಡಾಡಿಸಿದ್ದ ವಿಲ್ಲಿಸ್ ಓಬ್ರಿಯನ್, 1933ರಲ್ಲಿ ‘ಕಿಂಗ್ ಕಾಂಗ್’ಗೆ ಜೀವ ಕೊಟ್ಟರು. ತೆರೆಯ ಮೇಲೆ ಕಟ್ಟಡವೇರುವ ಆ ವಾನರನ ಗೊಂಬೆಯ ಎತ್ತರ ಸುಮಾರು ಒಂದೂವರೆ ಅಡಿ. ಒಳಗೆ ಕೀಲುಗಳುಳ್ಳ ಲೋಹದ ಹಂದರ, ಹೊರಗೆ ಮೊಲದ ತುಪ್ಪಳ. ಪ್ರತಿ ಸಲ ಬೆರಳು ತಾಗಿದಾಗಲೂ ತುಪ್ಪಳ ಅತ್ತಿತ್ತ ಸರಿಯುತ್ತಿತ್ತು. ಚಿತ್ರದಲ್ಲಿ ಅದು ಸಿಟ್ಟಿಗೆ ಮೈಕೂದಲು ನಿಮಿರಿದಂತೆ ಕಾಣುತ್ತದೆ.

ಹದಿಮೂರರ ವಯಸ್ಸಿನಲ್ಲಿ ಆ ಚಿತ್ರ ನೋಡಿ ಮರುಳಾದ ರೇ ಹ್ಯಾರಿಹೌಸೆನ್ ಮುಂದೆ ‘ಮೈಟಿ ಜೋ ಯಂಗ್’ನಲ್ಲಿ (1949) ಓಬ್ರಿಯನ್ ಕೈಕೆಳಗೇ ದುಡಿದರು. ಅವರ ಕಾಲದಲ್ಲಿ ಬಜೆಟ್ ಸದಾ ಬಿಗಿ. ‘ಇಟ್ ಕೇಮ್ ಫ್ರಮ್ ಬಿನೀತ್ ದಿ ಸೀ’ (1955) ಚಿತ್ರದ ಅಷ್ಟಪದಿಗೆ ಖರ್ಚು ಉಳಿಸಲೆಂದು ಆರೇ ತೋಳು ಜೋಡಿಸಿದರು. ಗಾಬರಿಯಲ್ಲಿ ಕೂತ ಪ್ರೇಕ್ಷಕ ಅವನ್ನು ಎಣಿಸುವವನೇ? ‘ಜೇಸನ್ ಅಂಡ್ ದಿ ಆರ್ಗನಾಟ್ಸ್’ನಲ್ಲಿ (1963) ಏಳು ಅಸ್ಥಿಪಂಜರಗಳು ನಡೆಸುವ ಕತ್ತಿಕಾಳಗ ಕೆಲವೇ ನಿಮಿಷಗಳದ್ದು, ಅದಕ್ಕೆ ತಗುಲಿದ್ದು ನಾಲ್ಕು ತಿಂಗಳಿಗೂ ಹೆಚ್ಚು.

ಅಲ್ಲಿಯವರೆಗೆ ಗೊಂಬೆ ನಟರ ನಡುವೆ ಬೆರೆತು, ತಾನು ಗೊಂಬೆಯೆಂಬುದನ್ನು ಮರೆಮಾಚಬೇಕಿತ್ತು. 1967ರ ‘ಮ್ಯಾಡ್ ಮಾನ್‌ಸ್ಟರ್ ಪಾರ್ಟಿ?’ ಆ ಹಂಗು ಕಳಚಿ, ಡ್ರಾಕುಲಾ ಮೊದಲಾದ ಹಳೆಯ ಭೂತಗಳನ್ನೆಲ್ಲ ಗೊಂಬೆಗಳಾಗಿಯೇ ಒಂದೆಡೆ ಸೇರಿಸಿತು. ಬ್ಯಾರನ್ ಫ್ರಾಂಕನ್‌ಸ್ಟೈನ್‌ಗೆ ದನಿ ಕೊಟ್ಟವರು 1931ರಲ್ಲಿ ಅದೇ ಕತೆಯ ಜೀವಿಯಾಗಿ ನಟಿಸಿದ್ದ ಬೋರಿಸ್ ಕಾರ್ಲಾಫ್. ಹಾಸ್ಯ ಕೆಲವೆಡೆ ಸಪ್ಪೆಯಾದರೂ ಭಯದ ಚಿತ್ರಗಳಿಗೆ ಗೊಂಬೆಗಳಿಂದ ನಮನ ಸಲ್ಲಿಸುವ ದಾರಿ ತೆರೆಯಿತು.

1993 ಈ ಕ್ಷೇತ್ರಕ್ಕೆ ವಿಚಿತ್ರ ವರ್ಷ. ‘ಜುರಾಸಿಕ್ ಪಾರ್ಕ್’ನ ಕಂಪ್ಯೂಟರ್ ಡೈನೋಸಾರ್‌ಗಳು ಬಂದು, ನಂಬಿಸಿ ಹೆದರಿಸುವ ಕೆಲಸ ಗೊಂಬೆಗಳ ಕೈತಪ್ಪಿತು. ಅದೇ ವರ್ಷ ಹೆನ್ರಿ ಸೆಲಿಕ್ ನಿರ್ದೇಶನದ ‘ದಿ ನೈಟ್‌ಮೇರ್ ಬಿಫೋರ್ ಕ್ರಿಸ್‌ಮಸ್’ ತೆರೆಕಂಡು, ಗೊಂಬೆಲೋಕಕ್ಕೆ ಬೇರೆಯದೇ ಬೆಲೆಯಿದೆ ಎಂದು ತೋರಿಸಿತು. ಕಣ್ಣಿಗೆ ಕಾಣುವ ಕೈಕೆಲಸವೇ ಈಗ ಆಕರ್ಷಣೆ. ‘ವಾಲೆಸ್ ಅಂಡ್ ಗ್ರಾಮಿಟ್: ದಿ ಕರ್ಸ್ ಆಫ್ ದಿ ವೇರ್-ರ್‍ಯಾಬಿಟ್’ (2005) ತೋಳಮನುಷ್ಯನ ಜಾಗದಲ್ಲಿ ತರಕಾರಿ ಕದಿಯುವ ದೈತ್ಯ ಮೊಲವನ್ನು ನಿಲ್ಲಿಸಿತು, ಕೊನೆಗೆ ಅದು ಕಾಂಗ್‌ನಂತೆಯೇ ಹೆಂಗಸೊಬ್ಬಳನ್ನು ಹೊತ್ತು ಬಂಗಲೆಯ ಮಾಡು ಹತ್ತುತ್ತದೆ.

ಈ ಬಗೆಯ ನಮನದ ತುಂಬಿದ ಮಾದರಿ ಟಿಮ್ ಬರ್ಟನ್‌ರ ‘ಫ್ರಾಂಕನ್‌ವೀನಿ’ (2012). 1984ರಲ್ಲಿ ನಟರನ್ನಿಟ್ಟು ತಾವೇ ತೆಗೆದಿದ್ದ ಕಿರುಚಿತ್ರವನ್ನು ಅವರು ಲಂಡನ್ನಿನ ತ್ರೀ ಮಿಲ್ಸ್ ಸ್ಟುಡಿಯೋದಲ್ಲಿ ಗೊಂಬೆಗಳಿಂದ ಮತ್ತೆ ಕಟ್ಟಿದರು, ಅದೂ ಕಪ್ಪುಬಿಳುಪಿನಲ್ಲಿ. ಕಾರು ಹರಿದು ಸತ್ತ ನಾಯಿ ಸ್ಪಾರ್ಕಿಯನ್ನು ಬಾಲಕ ವಿಕ್ಟರ್ ಸಿಡಿಲಿನ ವಿದ್ಯುತ್ತಿನಿಂದ ಬದುಕಿಸುತ್ತಾನೆ. ನಾಯಿಯ ಕತ್ತಿನಲ್ಲಿ ಬೋಲ್ಟು, ಮೈತುಂಬ ಹೊಲಿಗೆ. ಅದರ ಮೂಗಿಗೆ ಮೂಗು ತಾಗಿಸಿದ ಪಕ್ಕದ ಮನೆಯ ಪೂಡ್ಲ್‌ಗೆ ಕಿಡಿ ಹಾರಿ, ತಲೆಗೂದಲಿನಲ್ಲಿ ಬಿಳಿ ಪಟ್ಟೆ ಮೂಡುತ್ತದೆ: 1935ರ ‘ಬ್ರೈಡ್ ಆಫ್ ಫ್ರಾಂಕನ್‌ಸ್ಟೈನ್’ ನೋಡಿದವರಿಗೆ ಗುರುತು ಹತ್ತಲು ಅಷ್ಟೇ ಸಾಕು. ಉರಿಯುವ ಗಾಳಿಗಿರಣಿ 1931ರ ಚಿತ್ರದ್ದು. ಬೃಹದಾಕಾರ ತಾಳುವ ಆಮೆ ಜಪಾನಿನ ಗಮೇರಾನ ವಂಶದ್ದು, ಆದರೆ ಹೆಸರು ಮಾತ್ರ ಶೆಲ್ಲಿ. ವಿಜ್ಞಾನದ ಮೇಷ್ಟರಿಗೆ ದನಿ ಕೊಟ್ಟ ಮಾರ್ಟಿನ್ ಲ್ಯಾಂಡೌ, ಬರ್ಟನ್‌ರದೇ ‘ಎಡ್ ವುಡ್’ನಲ್ಲಿ (1994) ಬೇಲಾ ಲುಗೋಸಿಯ ಪಾತ್ರಕ್ಕೆ ಆಸ್ಕರ್ ಪಡೆದವರು. ಉತ್ತರಾರ್ಧದಲ್ಲಿ ಸೂಚನೆಗಳು ತುಸು ಕಿಕ್ಕಿರಿದು ಕತೆಗೆ ಉಸಿರು ಕಟ್ಟುವುದುಂಟು. ಹುಡುಗ ಮತ್ತು ನಾಯಿ ಇಬ್ಬರೇ ಇರುವ ದೃಶ್ಯಗಳಿಗೆ ಆ ತೊಡಕಿಲ್ಲ.

2012ರಲ್ಲೇ ಬಂದ ‘ಪ್ಯಾರಾನಾರ್ಮನ್’ ಗೊಂಬೆಗಳ ಮುಖಗಳನ್ನು ಬಣ್ಣದ 3ಡಿ ಪ್ರಿಂಟರಿನಲ್ಲಿ ಅಚ್ಚುಹಾಕಿ, ಸತ್ತೆದ್ದು ಬರುವ ಜೋಂಬಿಗಳ ಅಗ್ಗದ ಚಿತ್ರಗಳನ್ನು ನೆನೆಯಿತು. ತದ್ವಿರುದ್ಧ ದಿಕ್ಕಿನ ಕೃತಿ ಫಿಲ್ ಟಿಪೆಟ್‌ರ ‘ಮ್ಯಾಡ್ ಗಾಡ್’ (2021). ‘ಜುರಾಸಿಕ್ ಪಾರ್ಕ್’ನ ಹೊತ್ತಿಗೆ ಗೊಂಬೆಗಳ ಕಾಲ ಮುಗಿಯಿತೆಂದು ಟಿಪೆಟ್ ಕೈಬಿಟ್ಟಿದ್ದ ಆ ಚಿತ್ರ, ಶುರುವಾದ ಸುಮಾರು ಮೂವತ್ತು ವರ್ಷಗಳ ಮೇಲೆ, ಒಂದಿಷ್ಟೂ ನಗೆಚಾಟಿಕೆಯಿಲ್ಲದೆ, ಮಕ್ಕಳಿಗೆ ತೋರಿಸಲಾಗದಷ್ಟು ಘೋರವಾಗಿ ತೆರೆಗೆ ಬಂತು.