ಹಾರೋಕೆ ಮುಂಚಿನ ಲೆಕ್ಕ

1982ರ ಮೈಕ್ರೋಸಾಫ್ಟ್ ಫ್ಲೈಟ್ ಸಿಮ್ಯುಲೇಟರ್‌ನಲ್ಲಿ ಆಟ ಶುರುವಾಗ್ತಿದ್ದದ್ದೇ ಶಿಕಾಗೋದ ಮೀಗ್ಸ್ ಫೀಲ್ಡ್ ರನ್‌ವೇ ಮೇಲೆ. ಹಾರಿಬಿಡಿ, ಅಷ್ಟೇ! ಇಂಧನ ತುಂಬಿದವರ್ಯಾರು, ಲಗೇಜು ಏರಿಸಿದವರ್ಯಾರು, ಯಾರಿಗೆ ಬೇಕಿತ್ತು?

ಮರುವರ್ಷವೇ ನಿಜವಾದ ಆಕಾಶದಲ್ಲಿ ಏರ್ ಕೆನಡಾದ ಬೋಯಿಂಗ್ 767 ಒಂದರ ಎರಡೂ ಇಂಜಿನ್ ಇಂಧನವಿಲ್ಲದೆ ನಿಂತವು. ಗಿಮ್ಲಿಯ ಹಳೇ ವಾಯುನೆಲೆಯಲ್ಲಿ ಅದು ತೇಲಿಕೊಂಡೇ ಬಂದು ಇಳಿಯಿತು. ಪುಣ್ಯಕ್ಕೆ ಯಾರೂ ಸಾಯಲಿಲ್ಲ. ಎಡವಟ್ಟಾಗಿದ್ದು ನೆಲದ ಮೇಲೇ: 22,300 ಕಿಲೋ ಬೇಕಿದ್ದಲ್ಲಿ ಇದ್ದದ್ದು ಅಷ್ಟೇ ಪೌಂಡು, ಅಂದರೆ ಅರ್ಧಕ್ಕೂ ಕಡಿಮೆ.

ಆಟಕ್ಕೆ ಈ ನೆಲದ ಕೆಲಸ ಬಂದದ್ದು ತಡವಾಗಿ. ಮೊದಲು ಕೀಲಿ ಒತ್ತಿದರೆ ವಿಮಾನ ಹಿಂದಕ್ಕೆ ಸರೀತಿತ್ತು, ತಳ್ಳೋ ಗಾಡಿಯೇ ಇಲ್ಲದೆ, ದೆವ್ವ ತಳ್ಳಿದ ಹಾಗೆ! 2012ರಲ್ಲಿ ಜಿಎಸ್‌ಎಕ್ಸ್ ಎಂಬ ಆಡ್-ಆನ್ ಬಂದಮೇಲೆ ಇಂಧನದ ಟ್ಯಾಂಕರು, ಊಟದ ಗಾಡಿ, ಲಗೇಜಿನ ಬೆಲ್ಟು ಎಲ್ಲ ಬಂದವು. ಕಾಯಬೇಕು, ನಿಜ. ಕಾಯುವಾಗ ತೆರೆಯ ಮೇಲಿನ ಅಂಕಿ ಕಿಲೋನಾ ಪೌಂಡಾ ಅಂತ ನೋಡಿಕೊಳ್ಳಿ.