ಅಜ್ಜಿಯ ತೋಳಿನ ಗುರುತು

ಪಾಪಿನಾಯಕನಹಳ್ಳಿಯ ನಮ್ಮಜ್ಜಿಯ ತೋಳಿನ ಮೇಲೆ ಕಾಸಿನಗಲದ ಎರಡು ಗುರುತುಗಳಿದ್ದವು. ಕೇಳಿದರೆ, "ದಾಕು ಹಾಕಿದ್ದು ನೋಡವ್ವ. ಹಿಡಕೊಂಡು ಬಂದು ಚುಚ್ಚಿದ್ರು, ನನ್ನ ಯಾರು ಕೇಳಿದ್ರು?" ಎನ್ನುತ್ತಿದ್ದಳು. ಸಿಡುಬನ್ನು ಅವಳು ಕೊನೆಯವರೆಗೂ 'ಅಮ್ಮ' ಎಂದೇ ಕರೆದಳು.

ಮೊನ್ನೆ ಒಂದು ಹಳೆಯ ಚಿತ್ರದ ಪ್ರತಿ ನೋಡಿದಾಗ ಅವಳ ನೆನಪಾಯಿತು. 1805ರ ಸುಮಾರಿಗೆ ಥಾಮಸ್ ಹಿಕಿ ಬರೆದ ಚಿತ್ರವದು. ಮೈಸೂರು ರಾಣಿವಾಸದ ಮೂವರು ಹೆಂಗಸರು. ಅವರಲ್ಲೊಬ್ಬಳು ಸೆರಗು ಸರಿಸಿ ತೋಳು ತೋರಿಸುತ್ತಿದ್ದಾಳೆ. ಅವಳು ಮುಮ್ಮಡಿ ಕೃಷ್ಣರಾಜ ಒಡೆಯರ ಎಳೆಯ ರಾಣಿ ದೇವಾಜಮ್ಮಣ್ಣಿ, ತೋರಿಸುತ್ತಿರುವುದು ಲಸಿಕೆಯ ಜಾಗ ಎಂಬುದು ಕೆಲವು ಇತಿಹಾಸಕಾರರ ಅಭಿಪ್ರಾಯ. ರಾಣಿಯೇ ಹಾಕಿಸಿಕೊಂಡರೆ ಜನರ ಭಯ ಹೋದೀತೆಂಬ ಲೆಕ್ಕವಿದ್ದಿರಬೇಕು.

ಆಗ ಲಸಿಕೆ ಇಂದಿನಂತೆ ಸೀಸೆಯಲ್ಲಿ ಬರುತ್ತಿರಲಿಲ್ಲ. 1802ರ ಜೂನ್ 14ರಂದು ಮುಂಬಯಿಯಲ್ಲಿ ಮೂರು ವರ್ಷದ ಅನ್ನಾ ಡಸ್ಟ್‌ಹಾಲ್ ಎಂಬ ಮಗುವಿಗೆ ಹಾಕಿದರು. ಅವಳ ಗುಳ್ಳೆಯ ರಸ ಬೇರೆ ಮಕ್ಕಳ ತೋಳಿಗೆ, ತೋಳಿನಿಂದ ತೋಳಿಗೆ, ಊರಿಂದೂರಿಗೆ ಹೋಯಿತು. ರಾಣಿಗೆ ಚಿತ್ರವಾಯಿತು, ತೋಳು ಕೊಟ್ಟ ಆ ಮಕ್ಕಳನ್ನು ಯಾರು ಕೇಳಿದರು?

1975ರ ನಂತರ ನಮ್ಮ ದೇಶದಲ್ಲಿ ಸಿಡುಬು ಕಾಣಲಿಲ್ಲ. 1980ರಲ್ಲಿ ಲೋಕವೇ ಅದರಿಂದ ಮುಕ್ತವೆಂದು ಸಾರಲಾಯಿತು. ಅದು ಸಣ್ಣ ಉಪಕಾರವಲ್ಲ. ಆದರೂ ಅಜ್ಜಿಗೆ ಒಂದು ಮಾತು ಹೇಳಿ ಚುಚ್ಚಬಹುದಿತ್ತು.

ಮೊಮ್ಮಗಳಿಗೆ ಲಸಿಕೆ ಹಾಕಿಸಲು ಕರೆದೊಯ್ದ ದಿನ, ಯಾಕೆಂದು ಮೊದಲು ಅವಳಿಗೆ ಹೇಳಿದೆ. ಆಮೇಲೆ ತೋಳು ಹಿಡಿದೆ.