ಬೇಕರಿಯ ಹುಡುಗಿಯನ್ನು ಕಂಡುಹಿಡಿದವರು ಯಾರು?

ನನ್ನ ಪಿಎಚ್.ಡಿ. ಪ್ರಬಂಧದ ಮೂರನೆಯ ಅಧ್ಯಾಯದಲ್ಲಿ ಹೀಗೊಂದು ವಾಕ್ಯವಿತ್ತು: ‘ಮಿಲಾನಿನ ಬೇಕರಿಯಲ್ಲಿ ಕೆಲಸ ಮಾಡುತ್ತಿದ್ದ ಲೂಚಿಯಾ ಬೊಸೆಯನ್ನು ನಿರ್ದೇಶಕ ಲುಕಿನೊ ವಿಸ್ಕೊಂತಿ ಕಂಡುಹಿಡಿದರು.’ ಎರಡನೇ ಮಹಾಯುದ್ಧದ ನಂತರದ ಇಟಲಿಯ ಸಿನಿಮಾ ನನ್ನ ವಿಷಯ. ಅಧ್ಯಾಯ ಓದಿದ ಮಾರ್ಗದರ್ಶಕರು ‘ಕಂಡುಹಿಡಿದರು’ ಎಂಬ ಪದದ ಕೆಳಗೆ ಪೆನ್ಸಿಲಿನಲ್ಲಿ ಗೆರೆ ಎಳೆದು, ಪಕ್ಕದಲ್ಲಿ ‘ಅವರೇನು ಕಳೆದುಹೋಗಿದ್ದರೇ?’ ಎಂದು ಬರೆದು ವಾಪಸು ಕೊಟ್ಟರು. ಮೊದಲು ನಗು ಬಂತು. ಆಮೇಲೆ ಆ ಒಂದು ವಾಕ್ಯಕ್ಕಾಗಿ ಇಡೀ ಅಧ್ಯಾಯವನ್ನೇ ತಿರುಗಿ ಬರೆಯಬೇಕಾಯಿತು.

ಬೊಸೆ ಹುಟ್ಟಿದ್ದು 1931ರಲ್ಲಿ, ಮಿಲಾನಿನಲ್ಲಿ. ಬಾಂಬು ದಾಳಿಗಳಲ್ಲಿ ನಲುಗಿದ ಆ ಊರಿನ ಗಾಲ್ಲಿ ಎಂಬ ಹೆಸರಾಂತ ಸಿಹಿತಿಂಡಿ ಅಂಗಡಿಯಲ್ಲಿ ಹದಿಹರೆಯದಲ್ಲೇ ಕೆಲಸಕ್ಕೆ ಸೇರಿದರು. ವಿಸ್ಕೊಂತಿ ಅವರನ್ನು ನೋಡಿದ್ದು ಅಲ್ಲಿ. 1947ರಲ್ಲಿ ಮಜ್ಜೋರೆ ಸರೋವರದ ದಡದ ಸ್ತ್ರೇಸಾ ಎಂಬ ಪಟ್ಟಣದಲ್ಲಿ ನಡೆದ ‘ಮಿಸ್ ಇಟಾಲಿಯಾ’ ಸ್ಪರ್ಧೆಯನ್ನು ಗೆದ್ದಾಗ ಅವರಿಗೆ ಹದಿನಾರು ವರ್ಷ. ಎರಡನೆಯವರಾಗಿ ಬಂದದ್ದು ಜಾನ್ನಾ ಮರಿಯಾ ಕನಾಲೆ, ಮೂರನೆಯವರು ಜೀನಾ ಲೊಲ್ಲೊಬ್ರಿಜಿದಾ. ಮೂವರೂ ಸಿನಿಮಾಕ್ಕೆ ಹೋದರು.

ಈ ಸ್ಪರ್ಧೆಯ ಮೂಲ ಒಂದು ಟೂತ್‌ಪೇಸ್ಟಿನ ಜಾಹೀರಾತು. 1939ರಲ್ಲಿ ದೀನೊ ವಿಲ್ಲಾನಿ ಎಂಬ ಜಾಹೀರಾತು ತಜ್ಞ ‘ಒಂದು ನಗುವಿಗೆ 5000 ಲಿರಾ’ ಎಂಬ ಹೆಸರಿನಲ್ಲಿ ಫೋಟೋ ಸ್ಪರ್ಧೆ ಶುರುಮಾಡಿದರು. ಯುದ್ಧದಿಂದ ನಿಂತುಹೋಗಿದ್ದ ಅದು 1946ರಲ್ಲಿ ‘ಮಿಸ್ ಇಟಾಲಿಯಾ’ ಆಗಿ ಮರಳಿತು. ಇಟಲಿಯ ಹೆಂಗಸರು ಮೊದಲ ಬಾರಿಗೆ ರಾಷ್ಟ್ರಮಟ್ಟದಲ್ಲಿ ಮತ ಹಾಕಿದ್ದೂ ಅದೇ ವರ್ಷ, ಜೂನ್ 2ರಂದು. ಒಂದೇ ವರ್ಷದಲ್ಲಿ ಕೈಗೆ ಮತಪತ್ರವೂ ಬಂತು, ಹೆಗಲಿಗೆ ರಿಬ್ಬನ್ನೂ ಬಂತು. ಕೂಲಿಕಾರರ ಮನೆಯ ಹುಡುಗಿಗೆ ಬೇಗ ಫಲ ಕೊಡುವಂತೆ ಕಂಡದ್ದು ಯಾವುದು ಎಂದು ಊಹಿಸುವುದು ಕಷ್ಟವಲ್ಲ.

ಸಿನಿಮಾ ಮಂದಿಗೂ ಇದು ಅನುಕೂಲವಾಗಿತ್ತು. ಯುದ್ಧ ಮುಗಿದಾಗ ರೋಮಿನ ಚಿನೆಚಿತ್ತಾ ಸ್ಟುಡಿಯೋದಲ್ಲಿ ನಿರಾಶ್ರಿತರು ಬೀಡುಬಿಟ್ಟಿದ್ದರು. ನಿರ್ದೇಶಕರು ಕ್ಯಾಮೆರಾವನ್ನು ಬೀದಿಗೆ ತಂದರು, ಬೀದಿಯ ಮುಖಗಳನ್ನೇ ತೆರೆಗೆ ತಂದರು. 1946ರ ‘ಮಿಸ್ ರೋಮಾ’ ಸಿಲ್ವಾನಾ ಮಂಗಾನೊ ಗದ್ದೆಯಲ್ಲಿ ನಾಟಿ ಮಾಡುವ ಕೂಲಿಯವಳಾಗಿ ನಟಿಸಿದ ‘ರೀಸೊ ಅಮಾರೊ’ (1949) ಭಾರೀ ಗೆದ್ದಿತು. ಸೌಂದರ್ಯ ಸ್ಪರ್ಧೆಯೆಂದರೆ ಆಗಲೇ ಆರಿಸಿಟ್ಟ ಮುಖಗಳ ಪಟ್ಟಿ ಎಂಬುದು ನಿರ್ಮಾಪಕರಿಗೆ ಖಚಿತವಾಯಿತು.

ಇಲ್ಲಿ ಡಬ್ಬಿಂಗಿನ ಮಾತೂ ಬರುತ್ತದೆ. ಆಗಿನ ಇಟಲಿಯಲ್ಲಿ ಚಿತ್ರೀಕರಣ ಮುಗಿದ ಮೇಲೆ ಧ್ವನಿ ಸೇರಿಸುವುದೇ ವಾಡಿಕೆ. ತೆರೆಯ ಮೇಲಿನ ಚೆಲುವೆಗೆ ಪಳಗಿದ ಕಂಠದ ಬೇರೊಬ್ಬ ಕಲಾವಿದೆ ದನಿ ಕೊಡುವುದು ಮಾಮೂಲು. ‘ರೀಸೊ ಅಮಾರೊ’ದಲ್ಲಿ ಮಂಗಾನೊ ಅವರಿಗೆ ದನಿ ಕೊಟ್ಟದ್ದು ಲಿದಿಯಾ ಸಿಮೊನೆಸ್ಕಿ. ನಾಯಕಿಯ ಮುಖ ಒಬ್ಬರದು, ದನಿ ಮತ್ತೊಬ್ಬರದು ಎಂಬುದು ಕನ್ನಡ ಪ್ರೇಕ್ಷಕರಿಗೆ ಹೊಸದಲ್ಲ. ಆದರೆ ಅದರ ಪರಿಣಾಮ ಗಮನಿಸಬೇಕು: ಮುಖವನ್ನು ಬಿಡಿಯಾಗಿ ಕೊಳ್ಳಲು ಸಾಧ್ಯವಾದ ಮೇಲೆ, ಆ ಮುಖದವಳಿಗೆ ನಟನೆ ಗೊತ್ತೇ ಎಂಬ ಪ್ರಶ್ನೆ ಹಿಂದೆ ಸರಿಯುತ್ತದೆ.

1950ರಲ್ಲಿ ಬೊಸೆ ಜುಸೆಪ್ಪೆ ದೆ ಸಾಂತಿಸ್ ಅವರ ಚಿತ್ರವೊಂದರಲ್ಲಿ ನಟಿಸಿದರು. ಅದೇ ವರ್ಷ ಮೈಕೆಲಾಂಜೆಲೊ ಆಂಟೋನಿಯೋನಿ ಅವರ ಮೊದಲ ಕಥಾಚಿತ್ರ ‘ಕ್ರೋನಕಾ ದಿ ಉನ್ ಅಮೋರೆ’ (ಒಂದು ಪ್ರೇಮದ ವರದಿ) ಬಂತು. ಅದರಲ್ಲಿ ಅವರದು ಮಿಲಾನಿನ ಶ್ರೀಮಂತ ಕೈಗಾರಿಕೋದ್ಯಮಿಯ ಹೆಂಡತಿ ಪಾವೊಲಾಳ ಪಾತ್ರ. ಹಳೆಯ ಪ್ರಿಯಕರ ಮರಳಿ ಬರುತ್ತಾನೆ, ಇಬ್ಬರೂ ಸೇರಿ ಗಂಡನನ್ನು ಕೊಲ್ಲುವ ಯೋಚನೆ ಮಾಡುತ್ತಾರೆ. ಬೊಸೆಗೆ ಆಗ ಹತ್ತೊಂಬತ್ತು ವರ್ಷ. ಇಂಥ ಹೆಂಗಸರಿಗೆ ಕೇಕು ಕಟ್ಟಿಕೊಡುತ್ತಿದ್ದ ಹುಡುಗಿ ಈಗ ಅಂಥವಳೇ ಆಗಿ ತುಪ್ಪಳದ ಕೋಟು ಹೊದ್ದು ನಿಲ್ಲಬೇಕಿತ್ತು.

ಈ ಚಿತ್ರದ ಕೊನೆಯ ದೃಶ್ಯದಲ್ಲಿ ಪಾವೊಲಾ ಬಾಗಿಲಿಗೆ ಒರಗಿ ಬಿಕ್ಕುತ್ತಾಳೆ. ಅದನ್ನು ತೆಗೆಯುವಾಗ ಬೊಸೆಗೆ ಎಷ್ಟೋ ಏಟು ಬಿದ್ದವೆಂದು ಆಂಟೋನಿಯೋನಿ ಅವರೇ ಮುಂದೆ ಹೇಳಿಕೊಂಡಿದ್ದಾರೆ. ಸದಾ ನಗುನಗುತ್ತಿದ್ದ ಹುಡುಗಿಯಿಂದ ದುಃಖ ಹೊರಡಿಸಲು ಬೇರೆ ದಾರಿ ಇರಲಿಲ್ಲ ಎಂಬುದು ಅವರ ವಿವರಣೆಯ ಧಾಟಿ. ಮೊದಲ ಸಲ ಇದನ್ನು ಓದಿದಾಗ ನಿರ್ದೇಶಕರ ಹಟಕ್ಕೆ ಒಳ್ಳೆಯ ಉದಾಹರಣೆ ಎಂದು ಟಿಪ್ಪಣಿ ಮಾಡಿಕೊಂಡಿದ್ದೆ. ಆ ಟಿಪ್ಪಣಿಯನ್ನು ಈಗ ನೋಡಿದರೆ ನಾಚಿಕೆಯಾಗುತ್ತದೆ. ಏಟು ಬಿದ್ದದ್ದು ಒಬ್ಬರಿಗೆ, ಆ ಅಳುವಿನ ಶ್ರೇಯಸ್ಸು ಇನ್ನೊಬ್ಬರಿಗೆ. ನಾನೂ ಅದೇ ಲೆಕ್ಕ ಬರೆದುಕೊಂಡಿದ್ದೆ.

ಪೆನ್ಸಿಲಿನ ಗೆರೆಯ ನಂತರ ಚಿತ್ರವನ್ನು ಮತ್ತೆ ನೋಡಿದೆ. ಪ್ರೇಮಿಗಳಿಬ್ಬರೂ ಸೇತುವೆಯೊಂದರ ಮೇಲೆ ನಿಂತು ಕೊಲೆಯ ಮಾತಾಡುವ ದೃಶ್ಯವಿದೆ. ಕ್ಯಾಮೆರಾ ನಿಮಿಷಗಟ್ಟಲೆ ಎಲ್ಲೂ ಕತ್ತರಿಸದೆ ಅವರ ಸುತ್ತ ತಿರುಗುತ್ತದೆ. ಇಂಥ ದೀರ್ಘ ಶಾಟಿನಲ್ಲಿ ಸಂಕಲನಕಾರರು ಯಾರನ್ನೂ ಕಾಪಾಡಲಾರರು. ಎಷ್ಟು ಹೆಜ್ಜೆ ನಡೆಯಬೇಕು, ಎಲ್ಲಿ ತಿರುಗಬೇಕು, ಯಾವಾಗ ಮುಖ ಮರೆಸಿಕೊಳ್ಳಬೇಕು ಎಂಬುದೆಲ್ಲ ನಟಿಯ ನೆನಪಿನಲ್ಲಿ, ಮೈಯಲ್ಲಿ ಇರಬೇಕು. ಬೊಸೆ ಅದನ್ನು ಮಾಡುತ್ತಾರೆ. ದನಿ ಬದಲಾಯಿಸಬಹುದು, ಈ ನಡಿಗೆಯನ್ನು ಬದಲಾಯಿಸಲಾಗದು. ಹೊಡೆದು ಅಳಿಸಬಹುದೇನೋ, ಹೊಡೆದು ಹೀಗೆ ನಡೆಸಲಾಗದು.

ಅವರ ಮುಂದಿನ ಪಾತ್ರಗಳನ್ನು ಸಾಲಾಗಿ ಇಟ್ಟು ನೋಡಿದರೆ ಹುಡುಗಿಯರ ಕೆಲಸದ ಕಥೆಯೇ ಮತ್ತೆ ಮತ್ತೆ ಬರುತ್ತದೆ. 1951ರ ಜನವರಿಯಲ್ಲಿ ರೋಮಿನ ಸವೋಯಾ ರಸ್ತೆಯಲ್ಲಿ ಒಂದೇ ಒಂದು ಟೈಪಿಸ್ಟ್ ಕೆಲಸಕ್ಕೆ ಸುಮಾರು 200 ಹೆಂಗಸರು ಬಂದು ಮೆಟ್ಟಿಲುಗಳ ಮೇಲೆ ಸಾಲು ನಿಂತರು. ಮೆಟ್ಟಿಲು ಕುಸಿಯಿತು, ಒಬ್ಬಳು ಸತ್ತಳು, ಹಲವರು ಗಾಯಗೊಂಡರು. ಈ ಘಟನೆಯನ್ನು ಆಧರಿಸಿ ದೆ ಸಾಂತಿಸ್ ‘ರೋಮಾ ಓರೆ 11’ (1952) ತೆಗೆದರು. ಬೊಸೆ ಆ ಸಾಲಿನಲ್ಲಿ ನಿಂತವರಲ್ಲಿ ಒಬ್ಬಳು. ಸ್ತ್ರೇಸಾದ ವೇದಿಕೆಯೂ ಇಂಥದೇ ಒಂದು ಸಾಲು, ಅಲ್ಲಿ ಮೆಟ್ಟಿಲು ಕುಸಿಯಲಿಲ್ಲ ಅಷ್ಟೆ ಎಂದು ಈಗ ನನಗನ್ನಿಸುತ್ತದೆ. ಅದೇ ವರ್ಷ ಲುಚಾನೊ ಎಮ್ಮರ್ ಅವರ ಚಿತ್ರದಲ್ಲಿ ಬೊಸೆ ಬಟ್ಟೆ ಹೊಲಿಯುವ ಹುಡುಗಿಯಾದರು.

1953ರಲ್ಲಿ ಆಂಟೋನಿಯೋನಿ ಅವರ ‘ಲಾ ಸಿಞೋರಾ ಸೆನ್ಸಾ ಕಮೇಲಿಯೆ’ ಬಂತು. ಅಂಗಡಿಯಲ್ಲಿ ಕೆಲಸಕ್ಕಿದ್ದ ಕ್ಲಾರಾ ಮಾನ್ನಿ ಎಂಬ ಚೆಲುವೆಯನ್ನು ಸಿನಿಮಾದವರು ತಾರೆಯಾಗಿಸುತ್ತಾರೆ. ಅವಳನ್ನು ಮದುವೆಯಾದ ನಿರ್ಮಾಪಕ ‘ಇನ್ನು ಅಂಥ ಪಾತ್ರ ಬೇಡ’ ಎಂದು ಅವಳಿಂದ ಜೋನ್ ಆಫ್ ಆರ್ಕ್ ಪಾತ್ರ ಮಾಡಿಸಿ ಸೋಲುತ್ತಾನೆ. ಕ್ಲಾರಾ ನಟನೆ ಕಲಿಯಬೇಕೆಂದು ನಿಜವಾಗಿ ಶ್ರಮಪಡುತ್ತಾಳೆ, ಆದರೆ ಯಾರಿಗೂ ಅದು ಬೇಕಿಲ್ಲ. ಕಡೆಗೆ ಅಗ್ಗದ ಚಿತ್ರವೊಂದಕ್ಕೆ ಒಪ್ಪಿ, ಕಣ್ಣು ತುಂಬಿಕೊಂಡೇ ಫೋಟೋಗ್ರಾಫರುಗಳೆದುರು ನಗುತ್ತಾಳೆ. ಈ ಪಾತ್ರ ಮೊದಲು ಹೋದದ್ದು ಲೊಲ್ಲೊಬ್ರಿಜಿದಾ ಅವರ ಬಳಿಗೆ; ಅವರು ಒಲ್ಲೆ ಎಂದರು. ಬೊಸೆ ಒಪ್ಪಿದರು. ತನ್ನದೇ ಜೀವನವನ್ನು ಹೋಲುವ ಕಥೆಯಲ್ಲಿ, ನಟನೆ ಬಾರದ ನಟಿಯಾಗಿ ನಟಿಸುವುದು ನಟನೆ ಬಾರದವರ ಕೈಲಾಗುವ ಕೆಲಸವಲ್ಲ.

1955ರಲ್ಲಿ ಸ್ಪೇನಿನ ಹುವಾನ್ ಆಂತೋನಿಯೊ ಬಾರ್ದೆಮ್ ಅವರ ‘ಮುಎರ್ತೆ ದೆ ಉನ್ ಸಿಕ್ಲಿಸ್ತಾ’ ತೆರೆಕಂಡಿತು. ಅದೇ ವರ್ಷ ಬೊಸೆ ಸ್ಪೇನಿನ ಪ್ರಸಿದ್ಧ ಗೂಳಿಕಾಳಗದ ವೀರ ಲೂಯಿಸ್ ಮಿಗೆಲ್ ದೊಮಿಂಗಿನ್ ಅವರನ್ನು ಮದುವೆಯಾದರು. 1956ರಲ್ಲಿ ಬುನ್ಯುಯೆಲ್ ಅವರದೊಂದು ಚಿತ್ರ ಬಂತು. ಅಲ್ಲಿಗೆ ನಟನೆ ಹೆಚ್ಚುಕಡಿಮೆ ನಿಂತಿತು. ಆಗ ಅವರಿಗೆ ಇಪ್ಪತ್ತೈದು. ‘ಮದುವೆಯಾದ ಮೇಲೆ ಬಿಟ್ಟಳು’ ಎಂದು ನಮ್ಮ ಮನೆಗಳಲ್ಲೂ ಹೇಳುತ್ತೇವೆ, ಬಿಡಿಸಿದ್ದೇನು ಎಂದು ಕೇಳುವುದಿಲ್ಲ. ಫ್ರಾಂಕೊ ಆಳ್ವಿಕೆಯ ಸ್ಪೇನಿನಲ್ಲಿ ಮದುವೆಯಾದ ಹೆಂಗಸು ಕೆಲಸಕ್ಕೆ ಹೋಗಲು ಗಂಡನ ಒಪ್ಪಿಗೆ ಬೇಕೆಂಬ ಕಾನೂನು 1975ರವರೆಗೂ ಇತ್ತು. ಒಬ್ಬರ ದಾಂಪತ್ಯದ ಒಳಗುಟ್ಟು ಕಾನೂನಿನಿಂದ ತಿಳಿಯುವುದಿಲ್ಲ, ನಿಜ. ಆದರೆ ‘ಬಿಟ್ಟರು’ ಎಂಬ ಕ್ರಿಯಾಪದ ಎಂಥ ನೆಲದ ಮೇಲೆ ನಿಂತಿತ್ತು ಎಂಬುದು ತಿಳಿಯುತ್ತದೆ. ಮೂರು ಮಕ್ಕಳನ್ನು ಬೆಳೆಸಿ, ಗಂಡನಿಂದ ಬೇರೆಯಾದ ಮೇಲೆ, 1960ರ ದಶಕದ ಕೊನೆಗೆ ಅವರು ಮತ್ತೆ ತೆರೆಗೆ ಬಂದರು. ಫೆಲಿನಿ ಅವರ ‘ಸತೀರಿಕಾನ್’ನಲ್ಲೂ (1969) ಇದ್ದಾರೆ. 2020ರ ಮಾರ್ಚಿನಲ್ಲಿ ತೀರಿಕೊಂಡರು.

ನನ್ನ ಹಳೆಯ ಕರಡನ್ನು ಹುಡುಕಿ ನೋಡಿದಾಗ ಇನ್ನೊಂದು ಸಂಗತಿ ಕಣ್ಣಿಗೆ ಬಿತ್ತು. ಅದರಲ್ಲಿ ನಿರ್ದೇಶಕರೆಲ್ಲ ‘ಅವರು’, ನಟಿಯರೆಲ್ಲ ‘ಅವಳು’. ಬೇಕೆಂದು ಮಾಡಿದ್ದಲ್ಲ, ಓದಿದ್ದು, ಕೇಳಿದ್ದು ಹಾಗೇ ಕೈಗೆ ಬಂದಿತ್ತು. ಮೊದಲು ಅದನ್ನು ತಿದ್ದಿದೆ. ಆಮೇಲೆ ಪೆನ್ಸಿಲಿನ ಗೆರೆ ಬಿದ್ದ ವಾಕ್ಯವನ್ನೂ ಬದಲಿಸಿದೆ. ಈಗ ಅದು ಹೀಗಿದೆ: ‘ಮಿಲಾನಿನ ಬೇಕರಿಯಲ್ಲಿ ಕೆಲಸ ಮಾಡುತ್ತಿದ್ದ ಲೂಚಿಯಾ ಬೊಸೆ 1950ರಿಂದ 1956ರವರೆಗೆ ಸಿನಿಮಾದಲ್ಲಿ ಕೆಲಸ ಮಾಡಿದರು.’ ಮಾರ್ಗದರ್ಶಕರು ಈ ಸಲ ಏನೂ ಬರೆಯದೆ ಪುಟ ತಿರುಗಿಸಿದರು.